ಬಾಯಿಬಿಟ್ಟು ಹೇಳಬಾರದಿದ್ದ ಹೂವು

ಹಳಬರು ಈಗಲೂ ಸೈಗಾನ್ ಎಂದೇ ಕರೆಯುವ ಹೋ ಚಿ ಮಿನ್ ನಗರದಲ್ಲಿ ಕೌ ಬೋಂಗ್ ಎಂಬ ಸೇತುವೆ ಇದೆ. ಕೌ ಎಂದರೆ ಸೇತುವೆ, ಬೋಂಗ್ ಎಂದರೆ ಹೂವು. ಅದಕ್ಕೆ ಮೊದಲು ಇದ್ದ ಹೆಸರು ಕೌ ಹ್ವಾ. ಹ್ವಾ ಎಂದರೂ ಹೂವೇ. ಹೂವಿನ ಸೇತುವೆ ಹೂವಿನ ಸೇತುವೆಯಾಗಿಯೇ ಉಳಿಯಿತು, ಹೂವಿಗೆ ಹೇಳುವ ಮಾತು ಮಾತ್ರ ಬೇರೆಯಾಯಿತು. ಯಾಕೆಂದು ಹುಡುಕುತ್ತ ಹೋದರೆ ಹತ್ತೊಂಬತ್ತನೆಯ ಶತಮಾನದ ಆರಂಭದ ಒಬ್ಬ ಹುಡುಗಿ ಸಿಗುತ್ತಾಳೆ. ಅವಳ ಹೆಸರು ಹ್ವಾ.

ಇಂದಿಗೂ ವಿಯೆಟ್ನಾಮಿನಲ್ಲಿ ಇದು ತೀರಾ ಸಾಮಾನ್ಯವಾದ ಹೆಣ್ಣುಮಕ್ಕಳ ಹೆಸರು. ತರಕಾರಿ ಮಾರುವಾಕೆ, ಶಾಲೆಯ ಮೇಡಂ, ಬ್ಯಾಂಕಿನ ಕೌಂಟರಿನಲ್ಲಿ ಕೂತಾಕೆ, ಯಾರು ಬೇಕಾದರೂ ಹ್ವಾ ಆಗಿರಬಹುದು. ಕನ್ನಡದಲ್ಲಿ ಬರೆಯುವುದಕ್ಕೆ ಕಷ್ಟವಿಲ್ಲ. ಕಷ್ಟ ಇರುವುದು ಹೇಳುವುದರಲ್ಲಿ. ವಿಯೆಟ್ನಾಮೀಸ್ ಸ್ವರಭಾರದ ಭಾಷೆ, ಉತ್ತರದ ಹನೋಯ್ ಕಡೆಯ ಮಾತಿನಲ್ಲಿ ಆರು ಸ್ವರಭಾರಗಳಿವೆ. ದನಿ ಏರಿಳಿತವಿಲ್ಲದೆ ನೇರವಾಗಿ ಹೊರಟರೆ ಹ್ವಾ ಎಂದರೆ ಹೂವು. ಮೆಲ್ಲಗೆ ಇಳಿಸಿದರೆ ಶಾಂತಿ, ಹೊಂದಾಣಿಕೆ. ಮೇಲಕ್ಕೆ ಎತ್ತಿದರೆ ಮಾರ್ಪಾಡು. ಬಾಗಿಸಿ ಹೇಳಿದರೆ ಬೆಂಕಿ. ಗಂಟಲಲ್ಲಿ ಗಕ್ಕನೆ ನಿಲ್ಲಿಸಿದರೆ ವಿಪತ್ತು. ಹೊಸಬರು ಗೌರವದಿಂದಲೇ ಹೂವಮ್ಮ ಎಂದು ಕರೆಯಲು ಹೋಗಿ ವಿಪತ್ತಮ್ಮ ಎಂದುಬಿಡುವ ಸಾಧ್ಯತೆ ಚೆನ್ನಾಗಿಯೇ ಇದೆ. ನಮ್ಮ ಲಿಪಿಯಲ್ಲಿ ಇವೆಲ್ಲವೂ ಒಂದೇ ಹ್ವಾ. ಈ ಏರಿಳಿತದ ಮಾತನ್ನು ನೆನಪಿಟ್ಟುಕೊಳ್ಳಿ, ಮುಂದೆ ಒಂದು ಇಡೀ ಪ್ರಾಂತ್ಯದ ಹೆಸರು ಇದರ ಮೇಲೆಯೇ ನಿಲ್ಲುತ್ತದೆ.

ಪೂರ್ತಿ ಹೆಸರು ಸಾಮಾನ್ಯವಾಗಿ ನ್ಗುಯೆನ್ ಥಿ ಹ್ವಾ ಎಂಬಂತೆ ಇರುತ್ತದೆ. ಮೊದಲು ಮನೆತನ, ನಡುವೆ ಒಂದು ಹೆಸರು, ಕೊನೆಯಲ್ಲಿ ಇಟ್ಟ ಹೆಸರು. ದೇಶದಲ್ಲಿ ಹತ್ತಿರಹತ್ತಿರ ಹತ್ತರಲ್ಲಿ ನಾಲ್ವರು ನ್ಗುಯೆನ್ ಮನೆತನದವರೇ ಆದ್ದರಿಂದ ಮನೆತನದ ಹೆಸರಿನಿಂದ ಯಾರನ್ನೂ ಗುರುತಿಸಲಾಗದು. ಶಾಲೆಯ ಹಾಜರಿ ಪಟ್ಟಿಯೂ ಕೊನೆಯ ಹೆಸರಿನ ಅಕ್ಷರಕ್ರಮದಲ್ಲೇ ಇರುತ್ತದೆ. ನಡುವಿನ 'ಥಿ' ಚೀನಿಯಿಂದ ಬಂದ ಮಾತು, ಇಂಥ ಕುಲದವಳು ಎಂದು ಸೂಚಿಸುತ್ತಿದ್ದದ್ದು. ಕಾಲಾಂತರದಲ್ಲಿ ಅದು ಹೆಣ್ಣು ಎಂಬುದರ ಗುರುತಾಗಿ ಉಳಿಯಿತು. 1973ರ ಪ್ಯಾರಿಸ್ ಒಪ್ಪಂದಕ್ಕೆ ದಕ್ಷಿಣದ ಕ್ರಾಂತಿಕಾರಿ ಸರ್ಕಾರದ ಪರವಾಗಿ ಸಹಿ ಹಾಕಿದ ನ್ಗುಯೆನ್ ಥಿ ಬಿನ್ ಅವರ ಹೆಸರಿನಲ್ಲೂ ಈ ಥಿ ಇದೆ. ಅವರ ಬಿನ್ ಹುಟ್ಟಿನ ಹೆಸರಲ್ಲ, ಹೋರಾಟದಲ್ಲಿ ಇಟ್ಟುಕೊಂಡದ್ದು, ಶಾಂತಿ ಎಂಬ ಅರ್ಥದ್ದು. ಈಗಿನ ಪೇಟೆಯ ಅಪ್ಪ ಅಮ್ಮಂದಿರಿಗೆ ಥಿ ಹಳ್ಳಿಗಾಡಿನದು ಅನಿಸಿಬಿಟ್ಟಿದೆ. ಅದನ್ನು ಬಿಟ್ಟು ನಡುವೆ ಮೈ, ಕ್ವಿನ್, ಹೋಂಗ್ ಎಂದೇನಾದರೂ ಚೆಂದದ್ದು ಸೇರಿಸುತ್ತಾರೆ.

ಹೂವಿನ ಹೆಸರುಗಳಿಗೆ ಅಲ್ಲಿ ಬರವಿಲ್ಲ. ಲಾನ್ ಎಂದರೆ ಆರ್ಕಿಡ್, ಕುಕ್ ಎಂದರೆ ಸೇವಂತಿಗೆ, ಹ್ವೆ ಎಂದರೆ ಸುಗಂಧರಾಜ, ಲಿಯೆನ್ ಎಂದರೆ ಕಮಲ. ಮೈ ಎಂಬುದು ಹೊಸ ವರ್ಷದ ತೆತ್ ಹಬ್ಬಕ್ಕೆ ದಕ್ಷಿಣದಲ್ಲಿ ಮನೆಮನೆಗೆ ಬರುವ ಹಳದಿ ಹೂವು. ಮೈ, ಲಾನ್, ಕುಕ್ ಈ ಮೂರರ ಜೊತೆಗೆ ಬಿದಿರಿನ ತ್ರುಕ್ ಸೇರಿಸಿ ನಾಲ್ಕು ಮಕ್ಕಳಿಗೆ ಸಾಲಾಗಿ ಇಟ್ಟ ಮನೆಗಳೂ ಇವೆ. ಹ್ವಾ ಇವುಗಳಲ್ಲಿ ಯಾವುದೂ ಅಲ್ಲ, ಎಲ್ಲವನ್ನೂ ಒಳಗೊಂಡದ್ದು, ಬರೀ ಹೂವು. ಅಲ್ಲಿನ ಸೌಂದರ್ಯ ರಾಣಿಗೆ ಹ್ವಾ ಹೌ, ಹೂರಾಣಿ, ಎನ್ನುತ್ತಾರೆ. ನ್ಗುಯೆನ್ ಜೂ ಕವಿಯ ಮೂರು ಸಾವಿರಕ್ಕೂ ಹೆಚ್ಚು ಸಾಲುಗಳ ಕಥನಕಾವ್ಯ 'ಕಿಯೂ' ಓದಿದವರಿಗೆ ಈ ಮಾತಿನ ಇನ್ನೊಂದು ಮುಖವೂ ಗೊತ್ತು. ಅಲ್ಲಿ ಹೂವೆಂದರೆ ಚೆಲುವೆ ಮಾತ್ರವಲ್ಲ, ಕಂಡವರ ಕೈಗೆ ಸಿಕ್ಕು ಬಾಡುವವಳೂ ಹೌದು. ಆದರೂ ಜನ ಮಗಳಿಗೆ ಹ್ವಾ ಎಂದಿಡುವುದನ್ನು ಬಿಡಲಿಲ್ಲ.

ಈಗ ಆ ಹುಡುಗಿಯ ವಿಷಯ. ಹೋ ಥಿ ಹ್ವಾ ಹುಟ್ಟಿದ್ದು 1791ರಲ್ಲಿ, ಸೈಗಾನಿನ ಹತ್ತಿರದ ಬಿಯೆನ್ ಹ್ವಾ ಸೀಮೆಯಲ್ಲಿ. ಆ ಊರಿನ ಹ್ವಾ ಶಾಂತಿಯ ಹ್ವಾ, ಇವಳದಲ್ಲ. ತಂದೆ ನ್ಗುಯೆನ್ ದೊರೆಗಳ ಸೇವೆಯಲ್ಲಿದ್ದವರು. ದೇಶವನ್ನು ಒಂದುಗೂಡಿಸಿ 1802ರಲ್ಲಿ ಪಟ್ಟವೇರಿದ ಜಾ ಲಾಂಗ್ ಚಕ್ರವರ್ತಿ ಇವಳನ್ನು ತನ್ನ ಮಗನಿಗೆ ತಂದುಕೊಂಡ. ಹ್ವಾ ಎಂದರೆ ಬರೀ ಪರಿಮಳವಾಯಿತು, ಫಲವೂ ಇರಲಿ ಎಂದು ಅವಳಿಗೆ ಥಾತ್ ಎಂಬ ಬೇರೆ ಹೆಸರನ್ನೂ ಕೊಟ್ಟನೆಂದು ಅರಮನೆಯ ಚರಿತ್ರೆ ಹೇಳುತ್ತದೆ. ಮಾವನ ಹಾರೈಕೆ ಅರ್ಧ ಫಲಿಸಿತು. 1807ರಲ್ಲಿ ಗಂಡುಮಗು ಹುಟ್ಟಿತು, ಹದಿಮೂರು ದಿನಕ್ಕೆ ತಾಯಿ ತೀರಿಕೊಂಡಳು. ಮಗುವನ್ನು ಅಜ್ಜಿ ಸಾಕಿದಳು. ಹ್ವಾಳ ಗಂಡ ಮುಂದೆ ಮಿನ್ ಮಾಂಗ್ ಚಕ್ರವರ್ತಿಯಾದ, ಅವನ ನಂತರ 1841ರಲ್ಲಿ ಆ ಮಗ ಥಿಯೂ ತ್ರಿ ಎಂಬ ಹೆಸರಿನಲ್ಲಿ ಪಟ್ಟಕ್ಕೆ ಬಂದ.

ಅಲ್ಲಿಂದ ಮುಂದಕ್ಕೆ ದೇಶದಲ್ಲಿ ಯಾರೂ ಹ್ವಾ ಎನ್ನುವ ಹಾಗಿಲ್ಲ.

ಈ ಕಟ್ಟಳೆಗೆ ಕಿ ಹ್ವಿ ಎನ್ನುತ್ತಾರೆ. ಚೀನಾದಿಂದ ಬಂದ ಪದ್ಧತಿ. ದೊರೆಯ, ಅವನ ಹಿರಿಯರ ಸ್ವಂತ ಹೆಸರನ್ನು ಪ್ರಜೆಗಳು ಆಡಬಾರದು, ಬರೆಯಬಾರದು, ಮಕ್ಕಳಿಗೆ ಇಡಬಾರದು. ತಪ್ಪಿದರೆ ಕಾನೂನಿನಲ್ಲಿ ಛಡಿಯೇಟು. ಸರ್ಕಾರಿ ಪರೀಕ್ಷೆಗೆ ಕೂತವನು ನಿಷಿದ್ಧ ಅಕ್ಷರ ಬರೆದುಬಿಟ್ಟರೆ ಎಷ್ಟು ಚೆನ್ನಾಗಿ ಉತ್ತರಿಸಿದ್ದರೂ ಮುಗಿಯಿತು, ಅವನ ಓದೆಲ್ಲ ಹೊಳೆಯಲ್ಲಿ ಹುಣಸೆಹಣ್ಣು ತೊಳೆದ ಹಾಗೆ. ತಪ್ಪಿಸಿಕೊಳ್ಳಲು ದಾರಿಗಳಿದ್ದವು. ಅಕ್ಷರದಲ್ಲಿ ಒಂದು ಗೀರು ಬಿಟ್ಟು ಬರೆಯುವುದು ಒಂದು. ಅದೇ ಅರ್ಥದ ಬೇರೆ ಮಾತು ಹಾಕುವುದು ಇನ್ನೊಂದು. ಅಕ್ಷರ ಬಿಟ್ಟು ಉಚ್ಚಾರವನ್ನೇ ತುಸು ತಿರುಚುವುದು ಮತ್ತೊಂದು.

ಥಾನ್ ಹ್ವಾ ಪ್ರಾಂತ್ಯಕ್ಕೆ ಆದದ್ದು ಈ ಮೂರನೆಯದು. ಉತ್ತರ ಮಧ್ಯ ವಿಯೆಟ್ನಾಮಿನ ಈ ದೊಡ್ಡ ಪ್ರಾಂತ್ಯ ನ್ಗುಯೆನ್ ಅರಸರ ಮೂಲಸ್ಥಾನವೇ. ಅದರ ಹೆಸರಿನಲ್ಲಿ ರಾಜಮಾತೆಯ ಹೆಸರು ಕೂತಿತ್ತು. 1840ರ ದಶಕದ ಮೊದಲ ವರ್ಷಗಳಲ್ಲಿ ಅದನ್ನು ಬದಲಿಸಿದರು. ಹೇಗೆ ಗೊತ್ತೇ? ನೇರ ದನಿಯ ಹ್ವಾ ಹೋಗಿ ಏರುದನಿಯ ಹ್ವಾ ಬಂತು. ಹೂವು ಮಾರ್ಪಾಡಾಯಿತು, ಅಷ್ಟೆ. ಇಂದಿಗೂ ಆ ಪ್ರಾಂತ್ಯದ ಹೆಸರು ಅದೇ ಏರುದನಿಯದು. ಹ್ವೇ ಪಟ್ಟಣದ ಡೋಂಗ್ ಹ್ವಾ ಮಾರುಕಟ್ಟೆ ಡೋಂಗ್ ಬಾ ಆಯಿತು. 1899ರಲ್ಲಿ ನದಿಯ ದಂಡೆಯ ಈಗಿನ ಜಾಗಕ್ಕೆ ಬಂದ ಆ ಮಾರುಕಟ್ಟೆಯನ್ನು ಪ್ರವಾಸಿಗಳು ತಪ್ಪದೆ ನೋಡುತ್ತಾರೆ, ಹೆಸರಿನ ಕಥೆ ಹೇಳುವ ಗೈಡ್ ಮಾತ್ರ ಎಲ್ಲರಿಗೂ ಸಿಗುವುದಿಲ್ಲ. ಸೈಗಾನಿನ ಕೌ ಹ್ವಾ ಕೌ ಬೋಂಗ್ ಆದದ್ದೂ ಇದೇ ಲೆಕ್ಕದಲ್ಲಿ.

ದಕ್ಷಿಣದವರು ಹೂವಿಗೆ ಬೋಂಗ್ ಎನ್ನುವುದೂ ಉತ್ತರದವರು ಹ್ವಾ ಎನ್ನುವುದೂ ಈ ರಾಣಿಯಿಂದಲೇ ಎಂದು ಹೇಳುವವರಿದ್ದಾರೆ. ನನಗೆ ಅದು ಅಗತ್ಯಕ್ಕಿಂತ ಸಲೀಸಾದ ಕಥೆ ಅನಿಸುತ್ತದೆ. ಬೋಂಗ್ ಅಚ್ಚ ದೇಸಿ ಮಾತು, ಹ್ವಾ ಚೀನಿಯಿಂದ ಬಂದ ಮಾತು. ನಾಲಿಗೆಯ ಮೇಲೆ ಮೊದಲೇ ಇದ್ದ ಮಾತಿಗೆ ಅರಮನೆಯ ಕಟ್ಟಳೆ ಬೆಂಬಲವಾಯಿತು ಎನ್ನಬಹುದು, ಅದಕ್ಕಿಂತ ಹೆಚ್ಚು ಬೇಡ. ಆದರೆ ಹ್ವಾ ಎನ್ನುವ ಬದಲು ದಕ್ಷಿಣದಲ್ಲಿ ಹ್ವೆ ಎಂದು ತಿರುಚಿ ಹೇಳುವುದಿದೆಯಲ್ಲ, ಅದರ ಹಿಂದೆ ಇರುವುದು ಹೆದರಿಕೆಯೇ.

ಹ್ವಾ ಒಬ್ಬಳಿಗೇ ಹೀಗಾದದ್ದಲ್ಲ. ಹದಿನಾರನೆಯ ಶತಮಾನದಲ್ಲಿ ದಕ್ಷಿಣಕ್ಕೆ ಬಂದು ನೆಲೆಯೂರಿದ ಮೊದಲ ನ್ಗುಯೆನ್ ದೊರೆಯ ಹೆಸರು ಹ್ವಾಂಗ್. ಅದಕ್ಕೇ ಉತ್ತರದಲ್ಲಿ ಹ್ವಾಂಗ್ ಆಗಿರುವ ಮನೆತನ ದಕ್ಷಿಣದಲ್ಲಿ ಹ್ವಿನ್. ಉತ್ತರದ ವೂ ಮನೆತನ ದಕ್ಷಿಣದಲ್ಲಿ ವೋ. ಜಾ ಲಾಂಗನ ಹಿರಿಮಗನ ಹೆಸರು ಕಾನ್, ಏಳರ ಹುಡುಗನಾಗಿ ಫ್ರೆಂಚ್ ಪಾದ್ರಿಯ ಜೊತೆ ವರ್ಸೈ ಅರಮನೆ ನೋಡಿ ಬಂದವನು, ಪಟ್ಟಕ್ಕೆ ಬರುವ ಮೊದಲೇ ತೀರಿಕೊಂಡವನು. ಅವನ ಹೆಸರಿನ ಸಲುವಾಗಿ ದಕ್ಷಿಣದ ಜನ ಇಂದಿಗೂ ಅಂಗಳದ ಅಲಂಕಾರದ ಗಿಡಕ್ಕೆ ಕಾನ್ ಎನ್ನದೆ ಕಿಯೆಂಗ್ ಎನ್ನುತ್ತಾರೆ. ನರ್ಸರಿಯಲ್ಲಿ ಕುಂಡ ಕೊಳ್ಳುವವನಿಗೆ ರಾಜಕುಮಾರನ ನೆನಪು ಎಲ್ಲಿಂದ ಬರಬೇಕು?

ಇವೆಲ್ಲಕ್ಕಿಂತ ನನಗೆ ಸೋಜಿಗ ಅನಿಸುವುದು ನ್ಗೋ ಥೀ ಞಮ್ ಎಂಬ ಮಂತ್ರಿಯ ಪಾಡು. ಹದಿನೆಂಟನೆಯ ಶತಮಾನದ ದೊಡ್ಡ ವಿದ್ವಾಂಸ, ರಾಜತಂತ್ರಿ. ತೀರಿಕೊಂಡದ್ದು 1803ರಲ್ಲಿ. ಇದಾಗಿ ಇಪ್ಪತ್ತಾರು ವರ್ಷಕ್ಕೆ, 1829ರಲ್ಲಿ, ಥಿಯೂ ತ್ರಿಯ ಮಗ, ಅಂದರೆ ನಮ್ಮ ಹ್ವಾಳ ಮೊಮ್ಮಗ, ಮುಂದೆ ತು ಡುಕ್ ಎಂದು ಆಳಿದವನು, ಹುಟ್ಟಿದ. ಅವನ ಹುಟ್ಟಿನ ಹೆಸರಿನಲ್ಲಿ ಞಮ್ ಇತ್ತು, ಪಟ್ಟಕ್ಕೆ ಬಂದಾಗ ತಳೆದ ಹೆಸರು ಥೀ. ಸತ್ತವನ ಹೆಸರಿನ ಎರಡೂ ಅಕ್ಷರ ಹೋದವು! ಪುಸ್ತಕಗಳಲ್ಲಿ ಆತ ನ್ಗೋ ಥೊಯ್ ಞಿಯೆಮ್ ಆದ. ಇಂದು ಹನೋಯ್‌ನಲ್ಲಿ ಆತನ ಹೆಸರಿನ ರಸ್ತೆಯ ಫಲಕದಲ್ಲಿ ಥೀ ಞಮ್ ಎಂದಿದೆ, ಹೋ ಚಿ ಮಿನ್ ನಗರದ ಫಲಕದಲ್ಲಿ ಥೊಯ್ ಞಿಯೆಮ್ ಎಂದಿದೆ. ಒಬ್ಬನೇ ಮನುಷ್ಯ.

ಪ್ರಜೆಗಳಿಗೆ ಇಷ್ಟು ತೊಂದರೆ ಆಗುತ್ತದೆಂದು ಅರಮನೆಗೂ ಗೊತ್ತಿತ್ತು ಅನ್ನಿ. ಮಿನ್ ಮಾಂಗ್ ತನ್ನ ನಂತರ ಬರುವ ದೊರೆಗಳಿಗಾಗಿ ಸೂರ್ಯನ ಚಿಹ್ನೆ ಸೇರಿದ ಅಕ್ಷರಗಳನ್ನು ಮೊದಲೇ ಆರಿಸಿಟ್ಟಿದ್ದ. ಅವುಗಳಲ್ಲಿ ಎಷ್ಟೋ ಅಪರೂಪದವು, ದಿನಬಳಕೆಯಲ್ಲಿ ಬಾರದವು, ಆದ್ದರಿಂದ ನಿಷೇಧದ ಹೊರೆ ಹಗುರ. ಥೀ ಎಂಬ ಅಕ್ಷರ ಮಾತ್ರ ಕಾಲ ಎಂಬ ಅರ್ಥದ್ದು. ಅದನ್ನು ಬಿಟ್ಟು ಯಾರು ತಾನೇ ಬರೆಯಬಲ್ಲರು?

ಅರಮನೆಯದು ಒಂದು ಕಥೆಯಾದರೆ ಸಾಮಾನ್ಯರ ಮನೆಗಳದು ಇನ್ನೊಂದು. ಅಲ್ಲಿಯೂ ಹೆಸರೆಂದರೆ ಮುಟ್ಟಿದರೆ ಮುನಿಯುವ ವಸ್ತು. ಹಿರಿಯರ ಹೆಸರನ್ನು ಮಕ್ಕಳು ಬಾಯಿಬಿಟ್ಟು ಹೇಳುವ ಹಾಗಿರಲಿಲ್ಲ. ಅಜ್ಜಿಯ ಹೆಸರು ಹ್ವಾ ಆಗಿದ್ದರೆ ಮನೆಯವರು ಹೂವಿಗೆ ಬೇರೇನೋ ಹೇಳಿಕೊಳ್ಳಬೇಕು. ಹೊಸದಾಗಿ ಬಂದ ಸೊಸೆ ಅತ್ತೆಮನೆಯಲ್ಲಿ ಮೊದಲು ಕಲಿಯಬೇಕಾದದ್ದು ಯಾವ ಯಾವ ಮಾತು ಆಡಬಾರದು ಎಂಬುದನ್ನು. ಗಂಡನ ಹೆಸರು ಹೇಳಲು ಒಲ್ಲದ ನಮ್ಮ ಅಜ್ಜಿಯಂದಿರಿಗೆ ಇಲ್ಲಿಯವರೆಗೆ ಅಚ್ಚರಿಯಾಗುತ್ತಿರಲಿಲ್ಲ, ಮುಂದಿನದಕ್ಕೆ ಆಗುತ್ತಿತ್ತು. ನಾವು ತಾತನ ಹೆಸರನ್ನು ಮೊಮ್ಮಗನಿಗೆ ಇಟ್ಟು ಹಿರಿಯರ ಹೆಸರು ಉಳಿಯಿತೆಂದು ಸಂತೋಷಪಡುತ್ತೇವೆ. ಅಲ್ಲಿ ಹಾಗೆ ಇಟ್ಟರೆ ತಾತನಿಗೆ ಅವಮಾನ. ಮೊಮ್ಮಗನನ್ನು ಗದರಿಸುವಾಗ ತಾತನನ್ನೇ ಗದರಿಸಿದಂತಲ್ಲವೇ? ಹಾಗಾಗಿ ಮಗುವಿಗೆ ಹೆಸರು ಹುಡುಕುವಾಗ ವಂಶಾವಳಿಯ ಪುಸ್ತಕ ತೆಗೆದು ಆ ಹೆಸರಿನ ಹಿರಿಯರು ಯಾರೂ ಇಲ್ಲವೆಂದು ಖಾತ್ರಿ ಮಾಡಿಕೊಳ್ಳುತ್ತಿದ್ದರು. ಬೀದಿಯ ಹುಡುಗರು ಜಗಳವಾಡುವಾಗ ಬೈಗುಳ ಬೇಕಿಲ್ಲ, ಎದುರಾಳಿಯ ಅಪ್ಪನ ಹೆಸರನ್ನು ಗಟ್ಟಿಯಾಗಿ ಕೂಗಿದರೆ ಸಾಕು, ಹೊಡೆದಾಟ ಶುರು.

ಎಳೆಗೂಸುಗಳಿಗೆ ಒಳ್ಳೆಯ ಹೆಸರು ಹಿಡಿದು ಕರೆದರೆ ದೆವ್ವದ ಕಣ್ಣು ಬೀಳುತ್ತದೆಂದು ಹಳ್ಳಿಗಳಲ್ಲಿ ಕೂ, ತೀ, ತಿಯೋ, ಕುನ್ ಎಂದು ಕರೆಯುತ್ತಿದ್ದರು. ಗುಲ್ಲಿ, ಕುಳ್ಳ, ನಾಯಿಮರಿ ಇಂಥ ಅರ್ಥದವು. ಕಾರಣ ನಮ್ಮ ಓದುಗರಿಗೆ ಬಿಡಿಸಿ ಹೇಳಬೇಕಿಲ್ಲ. ಮಗು ಬೆಳೆದು ಶಾಲೆಗೆ ಹೋಗುವಾಗ ಸರಿಯಾದ ಹೆಸರು. ಮದುವೆಯಾಗಿ ಮಕ್ಕಳಾದರೆ ಆ ಹೆಸರೂ ಹಿಂದೆ ಸರಿಯುತ್ತಿತ್ತು, ಹಿರಿಮಗುವಿನ ಅಮ್ಮ ಎಂದೇ ಊರವರು ಕರೆಯುತ್ತಿದ್ದರು. ಸತ್ತ ಮೇಲೆ ಮಾತ್ರ ನಿಜವಾದ ಹೆಸರಿಗೆ ಕೆಲಸ. ವರ್ಷಾಬ್ದಿಕದ ದಿನ ಅನ್ನ ಬಡಿಸಿಟ್ಟು, ಊದುಬತ್ತಿ ಹಚ್ಚಿ, ಊಟಕ್ಕೆ ಬನ್ನಿ ಎಂದು ಮೆಲುದನಿಯಲ್ಲಿ ಆ ಹೆಸರು ಹೇಳುತ್ತಾರೆ. ಅದಕ್ಕೆ ತೆನ್ ಕುಂಗ್ ಕಮ್, ಅಂದರೆ ಎಡೆಯನ್ನದ ಹೆಸರು, ಎಂದೇ ಕರೆಯುತ್ತಾರೆ.

ಕೌ ಬೋಂಗ್ ಸೇತುವೆ ನಿಂತಿರುವ ಕಾಲುವೆಯ ಹೆಸರು ಥಿ ನ್ಗೆ. ಅದೂ ಒಬ್ಬ ಹೆಣ್ಣುಮಗಳ ನೆನಪು. ನ್ಗುಯೆನ್ ಥಿ ಖಾನ್ ಎಂಬಾಕೆ, ಕಚೇರಿಗೆ ಹೋಗಿಬರುವ ಗಂಡನಿಗೆ ಅನುಕೂಲವಾಗಲೆಂದು ಅಲ್ಲಿ ಸೇತುವೆ ಕಟ್ಟಿಸಿದಳಂತೆ. ಗಂಡ ಓದಿದವನು, ಅಂಥವರಿಗೆ ನ್ಗೆ ಎನ್ನುತ್ತಿದ್ದರು. ಜನ ಆಕೆಯನ್ನು ನ್ಗೆಯ ಹೆಂಡತಿ ಎಂದು ಕರೆದರು. ದುಡ್ಡು ಹಾಕಿ ಸೇತುವೆ ಕಟ್ಟಿಸಿದವಳು ಆಕೆ, ಕಾಲುವೆಗೆ ಉಳಿದದ್ದು ಗಂಡನ ಪದವಿ. ಖಾನ್ ಎಂಬ ಹೆಸರು ಚರಿತ್ರೆ ಓದುವವರಿಗೆ ಮಾತ್ರ ಸಿಗುತ್ತದೆ. ಒಂದೇ ನೀರಿನ ಮೇಲೆ, ಹೆಸರು ಹೇಳಬಾರದೆಂದು ಮರೆಯಾದ ರಾಣಿ ಒಬ್ಬಳು, ಹೆಸರು ಹೇಳುವ ರೂಢಿಯೇ ಇಲ್ಲದೆ ಮರೆಯಾದ ಗೃಹಿಣಿ ಒಬ್ಬಳು. ರಾಣಿಯ ಪಾಡೇ ವಾಸಿ. ಅವಳ ಹೆಸರನ್ನು ಮರೆಮಾಡಲು ಊರೂರಿನ ಹೆಸರು ಬದಲಿಸಿದ್ದರಿಂದಲೇ ಇಂದು ಅವಳು ಎಲ್ಲರಿಗೂ ಗೊತ್ತು.

ಹಳೆಯ ಸರ್ಕಾರಿ ಪರೀಕ್ಷೆ 1919ರಲ್ಲಿ ಕೊನೆಗೊಂಡಿತು. 1945ರ ಆಗಸ್ಟಿನಲ್ಲಿ ಕೊನೆಯ ಚಕ್ರವರ್ತಿ ಬಾವೊ ದಾಯ್ ಸಿಂಹಾಸನ ಬಿಟ್ಟುಕೊಟ್ಟ. ಚೀನಿ ಮೂಲದ ಅಕ್ಷರಗಳ ಜಾಗಕ್ಕೆ ರೋಮನ್ ಲಿಪಿ ಬಂತು. ಅದರಿಂದ ಹ್ವಾ ಎಂಬ ಹೆಸರಿಗೆ ಒಂದು ಗಮ್ಮತ್ತಾಯಿತು. ಹಳೆಯ ಬರಹದಲ್ಲಿ ಹೂವಿನ ಹ್ವಾ ಬೇರೆ ಅಕ್ಷರ, ವೈಭವ ಎಂಬ ಅರ್ಥದ ಹ್ವಾ ಬೇರೆ ಅಕ್ಷರ. ಈ ಎರಡನೆಯದು ಚೀನಾಕ್ಕೂ ಸಲ್ಲುತ್ತದೆ, ಸೈಗಾನಿನ ಚೋಲನ್ ಪೇಟೆಯಲ್ಲಿ ತಲೆಮಾರುಗಳಿಂದ ನೆಲೆಸಿದ ಚೀನಿ ಮೂಲದವರನ್ನು ಹ್ವಾ ಜನ ಎಂದೇ ಕರೆಯುತ್ತಾರೆ. ರೋಮನ್ ಲಿಪಿಯಲ್ಲಿ ಎರಡೂ ಒಂದಾಗಿಬಿಟ್ಟವು. ಅಮೆರಿಕಕ್ಕೆ ಅಲ್ಲಿ ಇರುವ ಅಧಿಕೃತ ಹೆಸರು ಹ್ವಾ ಕೀ, ಹೂವಿನ ಬಾವುಟದ ದೇಶ. ಆ ಬಾವುಟದ ನಕ್ಷತ್ರಗಳು ಹಿಂದಿನ ಚೀನಿಯರಿಗೆ ಹೂವಾಗಿ ಕಂಡಿದ್ದವು, ಆ ಹೆಸರು ವಿಯೆಟ್ನಾಮಿಗೂ ಬಂತು. ವರ್ಷಗಟ್ಟಲೆ ಬಾಂಬು ಸುರಿದ ದೇಶ ಕಾಗದಪತ್ರಗಳಲ್ಲಿ ಇಂದಿಗೂ ಹೂಬಾವುಟದ ನಾಡು. ಬೌದ್ಧರ ಸದ್ಧರ್ಮ ಪುಂಡರೀಕ ಸೂತ್ರಕ್ಕೆ ಅಲ್ಲಿ ಫಾಪ್ ಹ್ವಾ ಎನ್ನುತ್ತಾರೆ. ನಮ್ಮ ಪುಂಡರೀಕ ಚೀನಾ ಸುತ್ತಿ ಅಲ್ಲಿಗೆ ಹ್ವಾ ಆಗಿ ಹೋಗಿದೆ. ಇನ್ನೊಂದು ಸಣ್ಣ ವಿಷಯ. ರೋಮನ್ ಲಿಪಿಯ ದೊಡ್ಡಕ್ಷರಕ್ಕೆ ವಿಯೆಟ್ನಾಮೀಸಿನಲ್ಲಿ ಚೂ ಹ್ವಾ, ಹೂವಕ್ಷರ, ಎನ್ನುತ್ತಾರೆ. ಹೆಸರುಗಳ ಮೊದಲಕ್ಷರವನ್ನು ಹೂವಕ್ಷರದಲ್ಲೇ ಬರೆಯಬೇಕೆಂದು ಟೀಚರ್ ಹೇಳಿಕೊಡುವಾಗ, ತರಗತಿಯಲ್ಲಿ ಹ್ವಾ ಎಂಬ ಹುಡುಗಿಯಿದ್ದರೆ ಎಲ್ಲರೂ ಅವಳ ಕಡೆ ತಿರುಗಿ ನೋಡುವುದರಲ್ಲಿ ಅನುಮಾನವಿಲ್ಲ.

ಈಗಿನ ಎಳೆಯ ಅಪ್ಪ ಅಮ್ಮಂದಿರಿಗೆ ಹ್ವಾ ಅತ್ತೆ, ಅಜ್ಜಿಯರ ಕಾಲದ ಹೆಸರು. ಅವರಿಗೆ ಬೇಕಾದದ್ದು ಲಿನ್, ಮಿನ್ ಆನ್, ಬಾವೊ ನ್ಗೊಕ್. ಮನೆಯಲ್ಲಿ ಕರೆಯಲು ಬೇರೆ ಹೆಸರು. ಜೋಳ, ಸಿಗಡಿ, ಅಳಿಲು, ಗೆಣಸು. ದೆವ್ವದ ಭಯ ಹೋಗಿದೆ, ಮುದ್ದಿಗಾಗಿ ಅಡ್ಡಹೆಸರು ಉಳಿದಿದೆ.

ಹೆಸರು ಹೇಳಬಾರದೆಂಬ ಕಟ್ಟಳೆ ಪೂರ್ತಿ ಹೋಯಿತೇ ಎಂದರೆ ಹಾಗೇನಿಲ್ಲ. ಮೇಲ್ನೋಟಕ್ಕೆ ಎಲ್ಲರೂ ಎಲ್ಲರನ್ನೂ ಕೊನೆಯ ಹೆಸರಿನಿಂದಲೇ ಕರೆಯುತ್ತಾರೆ. ಡಿಯೆನ್ ಬಿಯೆನ್ ಫೂ ಯುದ್ಧ ಗೆದ್ದ ವೋ ನ್ಗುಯೆನ್ ಜಾಪ್ ಅಲ್ಲಿನವರಿಗೆ ಜನರಲ್ ಜಾಪ್, ಜನರಲ್ ವೋ ಅಲ್ಲ. ಆದರೆ ಹೋ ಚಿ ಮಿನ್ ಅವರನ್ನು ಮನೆತನದ ಹೆಸರಿನಿಂದ ಬಾಕ್ ಹೋ, ದೊಡ್ಡಪ್ಪ ಹೋ, ಎನ್ನುತ್ತಾರೆ. ಅದೂ ಅವರು ತಾವೇ ತಳೆದ ಹೆಸರು, ಹುಟ್ಟಿನಿಂದ ಅವರು ನ್ಗುಯೆನ್ ಮನೆತನದವರು. ಆದರೆ ಬರಿಯ ಹೆಸರನ್ನು ಯಾರೂ ಹಿರಿಯರ ಮುಂದೆ ಹಿಡಿಯುವುದಿಲ್ಲ. ಮುಂದೆ ಒಂದು ನಂಟಿನ ಮಾತು ಬರಲೇಬೇಕು. ನಿಮಗಿಂತ ತುಸು ದೊಡ್ಡವಳಾದರೆ ಚಿ ಹ್ವಾ, ಹ್ವಾ ಅಕ್ಕ. ತಾಯಿಯ ವಯಸ್ಸಿನವಳಾದರೆ ಕೋ ಹ್ವಾ, ಅತ್ತೆ. ಶಾಲೆಯ ಟೀಚರಮ್ಮನೂ ಕೋ. ಮುದುಕಿಯಾದರೆ ಬಾ ಹ್ವಾ. ಚಿಕ್ಕವಳಾದರೆ ಎಮ್. ದಕ್ಷಿಣದಲ್ಲಿ ಹುಟ್ಟಿದ ಕ್ರಮದ ಸಂಖ್ಯೆಯಿಂದಲೂ ಕರೆಯುತ್ತಾರೆ, ಅದರಲ್ಲೂ ಹಿರಿಯ ಮಗು ಒಂದಲ್ಲ, ಎರಡು. ಮೂರನೆಯವಳು ನಾಲ್ಕು. ಗುರುತಿಲ್ಲದವರ ಜೊತೆ ಮಾತು ಶುರುಮಾಡಲು ಮೊದಲು ಯಾರು ದೊಡ್ಡವರು, ಯಾರು ಚಿಕ್ಕವರು ಎಂಬುದು ತೀರ್ಮಾನವಾಗಬೇಕು. ಇಲ್ಲವಾದರೆ 'ನಾನು', 'ನೀವು' ಎನ್ನಲೂ ಆಗುವುದಿಲ್ಲ, ಆ ಸರ್ವನಾಮಗಳ ಕೆಲಸವನ್ನೂ ಅಕ್ಕ, ತಂಗಿ, ಅತ್ತೆ ಎಂಬ ಮಾತುಗಳೇ ಮಾಡುತ್ತವೆ.

ಪಾಸ್‌ಪೋರ್ಟು, ವಿಮಾನದ ಟಿಕೆಟ್ಟುಗಳಲ್ಲಿ ಸ್ವರಭಾರದ ಗುರುತುಗಳು ಇರುವುದಿಲ್ಲ. ಅಲ್ಲಿ ಹೂವು, ಶಾಂತಿ, ಮಾರ್ಪಾಡು ಎಲ್ಲವೂ ಅವೇ ಮೂರು ರೋಮನ್ ಅಕ್ಷರ. ಈಚೆಗೆ ನಮ್ಮವರು ವಿಯೆಟ್ನಾಂ ಪ್ರವಾಸಕ್ಕೆ ಹೋಗಿಬರುವುದು ಹೆಚ್ಚಾಗಿದೆ. ಹೋಟೆಲಿನ ಕೌಂಟರಿನಲ್ಲಿ ಹ್ವಾ ಎಂಬ ಹೆಸರಿನ ಪಟ್ಟಿ ಹಚ್ಚಿಕೊಂಡವರು ಎದುರಾದರೆ, ಅದು ಯಾವ ಹ್ವಾ ಎಂದು ಅವರ ಬಾಯಿಂದಲೇ ಒಮ್ಮೆ ಕೇಳಿಸಿಕೊಳ್ಳುವುದು ಒಳ್ಳೆಯದು. ಅವರು ನಿಮ್ಮ ಹೆಸರಿಗೂ ಮೊದಲು ವಯಸ್ಸೆಷ್ಟು ಎಂದು ಕೇಳಬಹುದು. ಬೇಸರ ಮಾಡಿಕೊಳ್ಳಬೇಡಿ, ಏನೆಂದು ಕರೆಯಬೇಕು ಎಂದು ತಿಳಿಯಲು ಕೇಳುತ್ತಿದ್ದಾರೆ.